ರಸ್ತೆಗೆ ಜಮೀನು ಹೋದರೆ ಮಾರ್ಗಸೂಚಿ ದರದಷ್ಟೇ ಪರಿಹಾರ ಸಿಗುತ್ತದಾ?

ಇಲ್ಲ, ಅದಕ್ಕಿಂತ ಜಾಸ್ತಿ ಸಿಗಬೇಕು. 2013ರ ಭೂಸ್ವಾಧೀನ ಕಾಯ್ದೆಯಲ್ಲಿ ಮಾರ್ಗಸೂಚಿ ದರ, ಅಂದರೆ ನೋಂದಣಿಗೆ ಸರ್ಕಾರ ಗೊತ್ತು ಮಾಡಿರುವ ಕನಿಷ್ಠ ಬೆಲೆ, ಬರೀ ಒಂದು ಅಳತೆ.

ಇನ್ನೊಂದು ಅಳತೆ ಹೀಗಿದೆ. ಅಕ್ಕಪಕ್ಕದಲ್ಲಿ ಹಿಂದಿನ ಮೂರು ವರ್ಷ ನೋಂದಣಿಯಾದ ಕ್ರಯಪತ್ರಗಳನ್ನು ತೆಗೆದು, ಹೆಚ್ಚು ಬೆಲೆಯ ಅರ್ಧದಷ್ಟನ್ನು ಮಾತ್ರ ಇಟ್ಟುಕೊಂಡು ಸರಾಸರಿ ಹಾಕುತ್ತಾರೆ. ಎರಡರಲ್ಲಿ ಯಾವುದು ಜಾಸ್ತಿಯೋ ಅದೇ ಮಾರುಕಟ್ಟೆ ಬೆಲೆ. ಮೇಲಿನ ಅರ್ಧ ಯಾಕೆ? ಮುದ್ರಾಂಕ ಶುಲ್ಕ ಉಳಿಸಲು ಜನ ಪತ್ರದಲ್ಲಿ ಕಡಿಮೆ ಬೆಲೆ ಬರೆಸುತ್ತಾರೆ, ಎಲ್ಲರಿಗೂ ಗೊತ್ತಿರೋದೇ ಅಲ್ವಾ? ಆ ಪತ್ರಗಳನ್ನೇ ನಂಬಿದರೆ ಜಮೀನು ಬಿಟ್ಟುಕೊಡುವವನಿಗೆ ನಷ್ಟ.

ಹಳ್ಳಿ ಜಮೀನಿಗೆ ಈ ಬೆಲೆಯನ್ನು 1ರಿಂದ 2ರವರೆಗಿನ ಒಂದು ಅಂಕಿಯಿಂದ ಗುಣಿಸುತ್ತಾರೆ. ಪಟ್ಟಣದಿಂದ ಎಷ್ಟು ದೂರ ಅಂತ ನೋಡಿ ಅದನ್ನು ರಾಜ್ಯ ಸರ್ಕಾರ ಗೊತ್ತು ಮಾಡುತ್ತದೆ. ಮರ, ಬಾವಿ, ಮನೆಯ ಬೆಲೆ ಬೇರೆ ಸೇರುತ್ತದೆ. ಬಂದ ಮೊತ್ತಕ್ಕೆ ಅಷ್ಟೇ ಹಣ ಮತ್ತೆ ಕೂಡುತ್ತದೆ. ಇದಕ್ಕೆ ಸೊಲೇಷಿಯಂ ಅನ್ನುತ್ತಾರೆ: ಒಪ್ಪಿಗೆ ಇರಲಿ ಬಿಡಲಿ ಜಮೀನು ಹೋಯಿತಲ್ಲ, ಅದಕ್ಕೆ ಕೊಡುವ ಸಮಾಧಾನದ ಹಣ.

ಲೆಕ್ಕ ನೋಡಿ. ಜಮೀನಿನ ಬೆಲೆ 10 ಲಕ್ಷ, ಗುಣಕ 2 ಅಂದರೆ 20 ಲಕ್ಷ. ತೆಂಗಿನ ಮರ, ಬಾವಿಗೆ 2 ಲಕ್ಷ. ಒಟ್ಟು 22. ಸೊಲೇಷಿಯಂ ಸೇರಿ 44 ಲಕ್ಷ. ಇದರ ಮೇಲೆ ಮಾರುಕಟ್ಟೆ ಬೆಲೆಗೆ ವರ್ಷಕ್ಕೆ ಶೇ. 12ರಂತೆ ಇನ್ನಷ್ಟು ಸೇರುತ್ತದೆ.

ಮೊತ್ತ ಕಡಿಮೆ ಅನ್ನಿಸಿದರೆ ಸುಮ್ನೆ ಸಹಿ ಹಾಕಿ ಹಣ ತಗೋಬೇಡಿ. ‘ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಅಂತ ಬರೆದು ತಗೊಳ್ಳಿ. ಹಾಗೆ ಬರೆಯದಿದ್ದರೆ ಮುಂದೆ ಹೆಚ್ಚಿನ ಪರಿಹಾರ ಕೇಳುವ ಹಕ್ಕೇ ಹೋಗುತ್ತದೆ.