ಸಂಪಾದಕರ ಉತ್ತರ: ಸೇವಂತಿಗೆ ಕಷಾಯದ ಲೆಕ್ಕ

ಹಿರಿಯೂರು ಕಡೆಯ ರೈತ ಓದುಗರೊಬ್ಬರ ಪತ್ರ: “ಚೀನೀಯರು ಸೇವಂತಿಗೆ ಕಷಾಯ ಕುಡಿದು ಕಣ್ಣುರಿ, ತಲೆನೋವು ಕಳೆದುಕೊಳ್ಳುತ್ತಾರೆಂದು ಓದಿದೆ. ದರ ಬಿದ್ದಾಗ ನಾವು ಅದೇ ಹೂವನ್ನು ತಿಪ್ಪೆಗೆ ಸುರಿಯುತ್ತೇವೆ. ಒಣಗಿಸಿ ಕುಡಿದರಾಗದೇ? ಹೂವು ಎಲ್ಲಿದ್ದರೂ ಹೂವೇ ತಾನೇ? ನಮ್ಮ ತಾಯಿಗೆ ಕಳೆ ಕೀಳಲು ಹೋದರೆ ಮೈಕೈ ಕೆರೆತ, ಕಣ್ಣು ಕೆಂಪು. ಅವರಿಗೂ ಕೊಡಬಹುದೇ?”

ಹಾರಕ್ಕೆ ಕಟ್ಟುವ ನಮ್ಮ ಸೇವಂತಿಗೆ, ಚೀನಾದ ಔಷಧಿ ಅಂಗಡಿಯ ಜೂಹುವಾ ಎರಡೂ ಸಸ್ಯಶಾಸ್ತ್ರದ ಪ್ರಕಾರ ಒಂದೇ ಜಾತಿ, ಕ್ರೈಸಾಂಥಿಮಮ್ ಮೊರಿಫೋಲಿಯಂ. ಅಷ್ಟರಮಟ್ಟಿಗೆ ನಿಮ್ಮ ಮಾತು ಸರಿ. ಅದರಾಚೆ ಒಂದು ಹೆಜ್ಜೆಯೂ ನಿಮ್ಮೊಂದಿಗೆ ಬರಲಾರೆ, ಬೇಸರಿಸಬೇಡಿ.

ಚೀನಾದ ಅಧಿಕೃತ ಔಷಧ ಸಂಹಿತೆ ಈ ಹೂವನ್ನು ಊರು, ಸಂಸ್ಕರಣೆ ನೋಡಿ ಬೇರೆ ಬೇರೆ ಬಗೆಗಳಾಗಿ ಹೆಸರಿಸುತ್ತದೆ. ಆನ್‌ಹುಯಿ ಪ್ರಾಂತ್ಯದ ಬೋಜೌನಲ್ಲಿ ಗಿಡವನ್ನು ಕಾಂಡಸಮೇತ ಕೊಯ್ದು, ಕಟ್ಟು ಕಟ್ಟಿ, ನೆರಳಲ್ಲಿ ತಲೆಕೆಳಗಾಗಿ ತೂಗುಹಾಕಿ, ಒಣಗಿದ ಮೇಲೆ ಹೂ ಬಿಡಿಸುತ್ತಾರೆ. ಅದೇ ಪ್ರಾಂತ್ಯದ ಹುವಾಂಗ್‌ಶಾನ್ ಕಡೆ ಬೆಂಕಿಯ ಕಾವಿನಲ್ಲಿ ಒಣಗಿಸುತ್ತಾರೆ. ಜೆಜಿಯಾಂಗ್‌ನ ತೊಂಗ್‌ಶಿಯಾಂಗ್‌ನಲ್ಲಿ ಮೊದಲು ಹಬೆ, ಆಮೇಲೆ ಬಿಸಿಲು. ನಿಮ್ಮಂಥ ಬೆಳೆಗಾರರು ಗಮನಿಸಬೇಕಾದದ್ದು ಈ ಮೂರನೆಯದನ್ನು.

ಹೂವಿನ ನಡುವಿನ ದಳಗಳು ಮುಕ್ಕಾಲು ಪಾಲಿಗೆ ಹತ್ತಿರ ಅರಳಿದಾಗ, ಇಬ್ಬನಿ ಆರಿದ ಮೇಲೆ ಬಿಡಿಸಬೇಕು. ಒದ್ದೆ ಹೂ ಒಳಗಿಂದೊಳಗೇ ಕೊಳೆಯುತ್ತದೆ. ಹಬೆಗಿಡುವ ತಟ್ಟೆಯಲ್ಲಿ ಮೂರು-ನಾಲ್ಕು ಹೂವಿನ ದಪ್ಪಕ್ಕಿಂತ ಹೆಚ್ಚು ಹರಡಕೂಡದು. ಜೋರು ಹಬೆಯಲ್ಲಿ ನಾಲ್ಕೈದು ನಿಮಿಷ ಸಾಕು. ಈ ಕಾವು ಹೂವನ್ನು ಕಪ್ಪಾಗಿಸುವ ಕಿಣ್ವಗಳನ್ನು ನಿಲ್ಲಿಸುತ್ತದೆ. ಹಬೆ ಕಡಿಮೆಯಾದರೆ ಬಿಸಿಲಲ್ಲಿ ದಳ ಕಂದುತ್ತದೆ, ಹೆಚ್ಚಾದರೆ ಹೂ ಮುದ್ದೆಯಾಗಿ ಒಣಗುವುದೇ ಇಲ್ಲ. ಪಾತ್ರೆಯಲ್ಲಿ ನೀರು ಜಾಸ್ತಿಯಿದ್ದರೆ ಕುದಿದು ಸಿಡಿದು ಕೆಳಗಿನ ಹೂ ಬೆಂದುಹೋಗುತ್ತದೆ. ಚಾಪೆಗೆ ಹಾಕಿದ ಮೊದಲ ಎರಡು ದಿನ ಮಗುಚಲೇಬಾರದು, ದಳ ಹರಿಯುತ್ತದೆ. ಒಂದು ವಾರದ ಮೇಲೆ ಒಂದೆರಡು ದಿನ ಗುಡ್ಡೆ ಹಾಕಿದರೆ ಒಳಗಿನ ತೇವ ಹೊರಬರುತ್ತದೆ; ಮತ್ತೆ ಬಿಸಿಲು. ಹೂವಿನ ಹೃದಯಭಾಗ ಬೆರಳಿಗೆ ಗಟ್ಟಿಯಾಗಿ ಸಿಗುವವರೆಗೆ ಒಣಗಿಲ್ಲವೆಂದೇ ತಿಳಿಯಬೇಕು. ತೇವಾಂಶ ಶೇ. 15 ಮೀರಬಾರದೆಂದು ಸಂಹಿತೆಯ ಕಟ್ಟಳೆ. ಅಂಗಡಿಯ ಹೂ ಅಸಹಜವಾಗಿ ಬೆಳ್ಳಗಿದ್ದು ಹುಳಿ ಘಾಟು ಹೊಡೆದರೆ ಅದಕ್ಕೆ ಗಂಧಕದ ಹೊಗೆ ಹಾಕಿದ್ದಾರೆಂದು ಅನುಮಾನಿಸಿ.

ಪ್ರಮಾಣದ ವಿಷಯಕ್ಕೆ ಬನ್ನಿ. ದಿನಕ್ಕೆ 5ರಿಂದ 10 ಗ್ರಾಂ ಒಣಹೂ, ಅಷ್ಟೇ. ಹಳದಿ ಹೂ ಜ್ವರ-ನೆಗಡಿ-ಗಂಟಲುನೋವಿಗೆ, ಬಿಳಿ ಹೂ ಕಣ್ಣಿಗೆ ಎಂದು ಅಲ್ಲಿನ ವೈದ್ಯರು ವಿಂಗಡಿಸುತ್ತಾರೆ. ಕುರು, ಬಾವುಗಳಿಗೆ ಬಳಸುವ ಕಾಡು ಸೇವಂತಿಗೆ ಜಾತಿಯಲ್ಲೇ ಬೇರೆ. ಹೆಚ್ಚು ಕಹಿ, ಪ್ರಮಾಣವೂ ಬೇರೆ. ಹೂವನ್ನು ತಂಪು ಗುಣದ್ದೆಂದು ಎಣಿಸುವುದರಿಂದ ಪದೇ ಪದೇ ಭೇದಿಯಾಗುವವರಿಗೆ ಕೊಡುವುದಿಲ್ಲ. ಲೋಟಕ್ಕೆ 3 ಗ್ರಾಂ ಹಾಕಿ, ಕುದಿದಿಳಿದ ನೀರು ಹೊಯ್ದು, ಐದು ನಿಮಿಷ ಮುಚ್ಚಿಡುವುದು ರೂಢಿ. ತೆರೆದಿಟ್ಟರೆ ಪರಿಮಳದ ಎಣ್ಣೆ ಹಬೆಯೊಡನೆ ಹಾರಿಹೋಗುತ್ತದೆ.

18ನೇ ಶತಮಾನದ ಕೊನೆಗೆ ವೂ ಜೂತೊಂಗ್ ಎಂಬ ವೈದ್ಯ ಬರೆದಿಟ್ಟ ‘ಸಾಂಗ್ ಜೂ ಯಿನ್’ ಕೆಮ್ಮಿನ ಕಷಾಯ ನೋಡಿ. ಹೆಸರಲ್ಲೇ ಸೇವಂತಿಗೆ ಇದೆ, ‘ಜೂ’ ಎಂದರೆ ಅದೇ. ಆದರೆ ಹಿಪ್ಪುನೇರಳೆ ಎಲೆ ಎರಡೂವರೆ ಚಿಯೆನ್ (ಚೀನೀ ತೂಕದ ಅಳತೆ) ಇದ್ದರೆ ಸೇವಂತಿಗೆ ಒಂದೇ ಚಿಯೆನ್, ಸುಮಾರು ಮೂರೂಮುಕ್ಕಾಲು ಗ್ರಾಂ. ಎಂಟು ಮೂಲಿಕೆ, ಎರಡು ಬಟ್ಟಲು ನೀರು ಒಂದಕ್ಕೆ ಇಳಿಯಬೇಕು, ದಿನಕ್ಕೆರಡು ಸಲ. ಇನ್ನೂರು ವರ್ಷದ ಹಿಂದಿನ ಬರಹದಲ್ಲಿ ಇಷ್ಟು ಖಚಿತತೆ! ಇದೆಲ್ಲಕ್ಕೂ ಆಧುನಿಕ ಪ್ರಯೋಗಗಳ ಆಧಾರ ಇನ್ನೂ ತೆಳುವಾಗಿದೆ ಎನ್ನುವವರ ಮಾತನ್ನು ಅಲ್ಲಗಳೆಯಲಾರೆ. ಆದರೆ ಆ ಕಷಾಯವನ್ನು ಪರೀಕ್ಷೆಗೆ ಒಡ್ಡಬಹುದು, ಏಕೆಂದರೆ ಅದಕ್ಕೊಂದು ಅಳತೆಯಿದೆ.

ನಮ್ಮ ಮನೆಮದ್ದಿನ ಅಂಕಣಗಳನ್ನು ಪರೀಕ್ಷೆಗೆ ಒಡ್ಡುವುದು ಹೇಗೆ ಹೇಳಿ? “ಒಂದು ಹಿಡಿ ಸೊಪ್ಪು”, “ಸ್ವಲ್ಪ ಬೇರು”. ಯಾರ ಹಿಡಿ? ಹಸಿಯೋ ಒಣಗಿದ್ದೋ? ಗ್ರಂಥಿಗೆ ಅಂಗಡಿಯಲ್ಲಿ ಶಂಖಪುಷ್ಪಿ ಕೇಳಿದರೆ ಒಂದೂರಲ್ಲಿ ಒಂದು ಗಿಡ, ಇನ್ನೊಂದೂರಲ್ಲಿ ಮತ್ತೊಂದು. ಅಶೋಕದ ತೊಗಟೆಯೆಂದು ರಸ್ತೆಬದಿ ಸಾಲಾಗಿ ನೆಡುವ, ಅಶೋಕವೇ ಅಲ್ಲದ ಉದ್ದನೆಯ ಮರದ ತೊಗಟೆ ಮಾರುತ್ತಾರೆ. ಫಲ ಸಿಗದಾಗ ಬೈಗುಳ ತಿನ್ನುವುದು ಆಯುರ್ವೇದ. ಇದನ್ನು ನೋಡಿ ಸುಮ್ಮನಿರಲು ನನಗೆ ಸಾಧ್ಯವಿಲ್ಲ.

ಇನ್ನು ನಿಮ್ಮ ಹೊಲದ ಹೂ. ಮಾರುಕಟ್ಟೆಗೆಂದು ಬೆಳೆದದ್ದಕ್ಕೆ ಥ್ರಿಪ್ಸ್, ಹೇನು, ತುಕ್ಕುರೋಗಕ್ಕೆಂದು ಔಷಧಿ ಹೊಡೆದೇ ಇರುತ್ತೀರಿ. ಗಿಡದೊಳಗೆ ಸೇರುವ ಅಂತರ್ವ್ಯಾಪಿ ಕೀಟನಾಶಕ ತೊಳೆದರೆ ಹೋಗದು. ಒಣಗಿಸಿದರೆ ನೀರು ಹೋಗಿ ವಿಷದ ಸಾಂದ್ರತೆ ಏರುತ್ತದೆ. ಅದನ್ನು ಕುಡಿಯಬೇಡಿ, ನೆಂಟರಿಗೂ ಕೊಡಬೇಡಿ. ಆಸೆಯಿದ್ದರೆ ಬದುವಿನಿಂದ ದೂರ ಬೇರೆಯೇ ಮಡಿ ಮಾಡಿ, ಕುಡಿಯಲು ಬಳಸುವ ತಳಿಯ ಸಸಿ ತಂದು, ಸಿಂಪರಣೆಯಿಲ್ಲದೆ ಬೆಳೆದು ನೋಡಿ.

ನಿಮ್ಮ ತಾಯಿಯವರಿಗೆ ಮಾತ್ರ ಖಂಡಿತ ಬೇಡ. ಅವರು ಕೀಳುವ ಕಳೆಯಲ್ಲಿ ಕಾಂಗ್ರೆಸ್ ಗಿಡ ಇದ್ದರೆ ಕೆರೆತಕ್ಕೆ ಅದೇ ಕಾರಣವಿರಬಹುದು. ಕಾಂಗ್ರೆಸ್ ಗಿಡ, ಸೇವಂತಿಗೆ ಒಂದೇ ಕುಟುಂಬದವು. ಒಂದು ಒಗ್ಗದ ಮೈಗೆ ಇನ್ನೊಂದೂ ಒಗ್ಗದಿರುವುದು ಚರ್ಮವೈದ್ಯರಿಗೆ ಗೊತ್ತಿರುವ ಸಂಗತಿ. ಅವರನ್ನು ಕಳೆ ಕೀಳುವುದರಿಂದಷ್ಟೇ ಅಲ್ಲ, ಹೂ ಬಿಡಿಸುವುದರಿಂದಲೂ ಬಿಡಿಸಿ. ಯಾವುದು ಮೈಗೆ ಒಗ್ಗದೆಂದು ಚರ್ಮಕ್ಕೆ ಅಂಟಿಸಿ ನೋಡುವ ಪ್ಯಾಚ್ ಪರೀಕ್ಷೆಯನ್ನು ಚರ್ಮತಜ್ಞರಲ್ಲಿ ಮಾಡಿಸಿ. ಕಣ್ಣು ಕೆಂಪಾಗಿದೆಯೆಂದು ಕಷಾಯದಿಂದ ತೊಳೆಯಲು ಹೋಗಬೇಡಿ, ಅದು ಕ್ರಿಮಿರಹಿತ ನೀರಲ್ಲ. ನೋವಿದ್ದರೆ, ದೃಷ್ಟಿ ಮಂಜಾದರೆ ಅದೇ ದಿನ ಕಣ್ಣಿನ ವೈದ್ಯರಿಗೆ ತೋರಿಸಿ.