ನಾನಾ ಚೌಕದ ನಾನಾ ಯಾರು?

ಪ್ರಶ್ನೆ: ಮುಂಬಯಿಯ ಗ್ರಾಂಟ್ ರೋಡಿನ ನಾನಾ ಚೌಕದಲ್ಲೇ ನನ್ನ ಆಫೀಸು. ಈ ನಾನಾ ಯಾರು ಸ್ವಾಮಿ?
– ಓದುಗರೊಬ್ಬರು, ಡೊಂಬಿವಲಿ

ಉತ್ತರ: ಜಗನ್ನಾಥ ಶಂಕರಶೇಠ್ (1803–1865). ವ್ಯಾಪಾರದ ಮನೆತನ, ದುಡ್ಡಿಗೆ ಬರವಿರಲಿಲ್ಲ. ಜಿಐಪಿ (ಗ್ರೇಟ್ ಇಂಡಿಯನ್ ಪೆನಿನ್ಸುಲಾ) ರೈಲ್ವೆ ಕಂಪನಿಯ ಮೊದಮೊದಲ ನಿರ್ದೇಶಕರಲ್ಲಿ ಇವರೂ ಒಬ್ಬರು. 1853ರ ಏಪ್ರಿಲ್ 16ರಂದು ಬೋರಿಬಂದರಿನಿಂದ (ಈಗ ಸಿಎಸ್‌ಎಂಟಿ ನಿಲ್ದಾಣವಿರುವ ಜಾಗ) ಠಾಣೆಗೆ ಮೊದಲ ರೈಲು ಓಡಿತು, 34 ಕಿ.ಮೀ. ಠಾಣೆ ದಾಟಿದ ಮೇಲೆ ನೀವು ದಿನಾ ಬಾಗಿಲಿಗೆ ಜೋತುಬಿದ್ದು ಬರುವುದೂ ಅದೇ ಹಾದಿಯಲ್ಲೇ ಅಲ್ವಾ! 1862ರಲ್ಲಿ ನಾನಾ ಮುಂಬಯಿ ಶಾಸನ ಸಭೆಗೂ ಹೋದರು. ನನಗೆ ಜಾಸ್ತಿ ಇಷ್ಟವಾಗುವುದು ಬೇರೆ. ಮಕ್ಕಳಿಗೆ ತಾಯ್ನುಡಿಯಲ್ಲೇ ಪಾಠ ಹೇಳಿ ಅಂತ ಶಿಕ್ಷಣ ಮಂಡಳಿಯಲ್ಲಿ ಇಂಗ್ಲಿಷರೆದುರು ವಾದಿಸಿದರು. ಟೌನ್ ಹಾಲಿನಲ್ಲಿ ಅವರ ಅಮೃತಶಿಲೆಯ ಪ್ರತಿಮೆ ಇದೆ. ಆ ಹಾಲಿಗೆ ಹತ್ತುವ ಮೆಟ್ಟಿಲು ಮೂವತ್ತು. ನಾನು ಮಧ್ಯೆ ಒಮ್ಮೆ ಕೂತೇ ಹತ್ತಿದ್ದು.