ಫೀವರ್ ರೇ ಮುಖ ಮರೆಸಿಕೊಳ್ಳುವುದು ಯಾಕೆ?

'ವೈಕಿಂಗ್ಸ್' ಸೀರಿಯಲ್ಲಿನ ಶೀರ್ಷಿಕೆ ಹಾಡು ಯಾರದು, ಅವರು ಯಾಕೆ ಸದಾ ಮುಖವಾಡದಲ್ಲೇ ಇರುತ್ತಾರೆ ಎಂದು ಕೇಳಿದ್ದೀರಿ.

ಅದು ಸ್ವೀಡನ್ನಿನ ಕಾರಿನ್ ಡ್ರೈಯರ್ ಅವರ ಹಾಡು. ಒಬ್ಬರೇ ಹಾಡುವಾಗ ಇಟ್ಟುಕೊಂಡ ಹೆಸರು ಫೀವರ್ ರೇ. ನಾನೂ ಈ ಹಾಡಿನಿಂದಲೇ ಅವರನ್ನು ಹುಡುಕಿಕೊಂಡು ಹೋದವನು. ಮೊದಲ ಸಲ ಇಯರ್‌ಫೋನಿನಲ್ಲಿ ಕೇಳಿದಾಗ ಒಬ್ಬ ಗಂಡಸು, ಒಬ್ಬ ಹೆಂಗಸು ಹಾಡುತ್ತಿದ್ದಾರೆ ಅಂದುಕೊಂಡಿದ್ದೆ. ಎರಡೂ ಅವರದೇ ಕಂಠ. ಶ್ರುತಿಯನ್ನು ಯಂತ್ರದಲ್ಲಿ ಇಳಿಸಿದ್ದಾರೆ, ಅಷ್ಟೇ. ನಿಮ್ಮ ಪ್ರಶ್ನೆಗೆ ಉತ್ತರ ಶುರುವಾಗುವುದೂ ಇಲ್ಲಿಂದಲೇ: ಮುಖಕ್ಕೆ ಮುಖವಾಡ ಹೇಗೋ, ದನಿಗೆ ಇದು ಹಾಗೆ.

1999ರಲ್ಲಿ ಕಾರಿನ್ ತಮ್ಮನಾದ ಓಲೋಫ್ ಜೊತೆ 'ದಿ ನೈಫ್' ಎಂಬ ತಂಡ ಕಟ್ಟಿದರು. ರೆಕಾರ್ಡ್ ಕಂಪನಿಯೂ ಸ್ವಂತದ್ದೇ. ತಂಡದ 'ಹಾರ್ಟ್‌ಬೀಟ್ಸ್' ಹಾಡನ್ನು ಗಾಯಕ ಹೊಸೆ ಗೊನ್ಸಾಲೆಸ್ ಗಿಟಾರಿನಲ್ಲಿ ಹಾಡಿ, ಅದು ಸೋನಿ ಟಿ.ವಿ. ಜಾಹೀರಾತಿಗೆ ಹೋಗಿ ಜಗತ್ತೆಲ್ಲ ಕೇಳಿತು. ಆದರೆ ಇವರು ಮೊದಲಿನಿಂದಲೂ ಸಮಾರಂಭಗಳಿಗೆ ಬೆನ್ನು ತಿರುಗಿಸಿದವರು. ಸ್ವೀಡನ್ನಿನ ಗ್ರ್ಯಾಮಿಸ್ ಪ್ರಶಸ್ತಿ ಬಂದಾಗ ತಾವು ಹೋಗದೆ, ಗೊರಿಲ್ಲಾ ವೇಷದವರನ್ನು ಕಳಿಸಿದರು. ವೇಷದ ಮೇಲೆ '50/50' ಎಂದು ಬರೆದಿತ್ತು. ಸಂಗೀತ ಉದ್ಯಮವೆಲ್ಲ ಗಂಡಸರ ಕೈಯಲ್ಲಿದೆ ಎಂಬ ಪ್ರತಿಭಟನೆ ಅದು.

2006ರ 'ಸೈಲೆಂಟ್ ಶೌಟ್' ಆಲ್ಬಮ್ ನನ್ನ ಮಟ್ಟಿಗೆ ಅವರ ಶಿಖರ. ಡಾರ್ವಿನ್ ಬಗೆಗಿನ ಒಂದು ಆಪೆರಾಗೂ ಸಂಗೀತ ಮಾಡಿದರು, ಅದು 2010ರಲ್ಲಿ ಆಲ್ಬಮ್ ಆಗಿ ಬಂತು. ಅದನ್ನು ಕೇಳಲು ತಾಳ್ಮೆ ಬೇಕು. 2014ರಲ್ಲಿ ತಂಡ ಮುಗಿಯಿತು.

ಅದೇ 2010ರಲ್ಲಿ ಸ್ವೀಡಿಷ್ ರೇಡಿಯೋದ ಪಿ3 ಗುಲ್ಡ್ ಪ್ರಶಸ್ತಿ ಪಡೆಯಲು ಕಾರಿನ್ ಬಂದ ವಿಡಿಯೋ ತಪ್ಪದೆ ನೋಡಿ. ಮುಸುಕು ಎತ್ತುತ್ತಾರೆ, ಒಳಗೆ ಮೇಣದಂತೆ ಕರಗಿದ ಮುಖ. ಧನ್ಯವಾದದ ಮಾತಿಲ್ಲ, ಬರೀ ನರಳಿಕೆ. ನಾನು ಮೊದಲು ಹೆದರಿದೆ, ಆಮೇಲೆ ಮತ್ತೆ ಮತ್ತೆ ನೋಡಿದೆ. ಹಾಡುವವರು ಚೆಂದ ಕಾಣಬೇಕು, ನಾಲ್ಕು ಸಿಹಿ ಮಾತಾಡಬೇಕು ಎಂದು ಕಾದು ಕೂತವರಿಗೆ ಅಲ್ಲಿ ಏನೂ ಸಿಗುವುದಿಲ್ಲ. ಮುಖವಾಡವನ್ನು ನಾಚಿಕೆ ಎಂದು ನಾನು ಓದುವುದಿಲ್ಲ. ಈ ದೇಹ ಯಾರದು, ಗಂಡೋ ಹೆಣ್ಣೋ ಎಂಬ ಲೆಕ್ಕಾಚಾರದಿಂದ ಹಾಡನ್ನು ಬಿಡಿಸುವ ದಾರಿ ಅದು. ಕಾರಿನ್ ತಮ್ಮನ್ನು ಈ ಎರಡರಲ್ಲಿ ಒಂದಕ್ಕೆ ಸೇರಿಸಿಕೊಳ್ಳುವುದೂ ಇಲ್ಲ. ನಮ್ಮ 'ಅವರು' ಇಲ್ಲಿ ಎಷ್ಟು ಸಲೀಸಾಗಿ ಒದಗುತ್ತದೆ ನೋಡಿ.

ಕೇಳಲು 2009ರ 'ಫೀವರ್ ರೇ' ಆಲ್ಬಮ್ಮಿನಿಂದ ಶುರುಮಾಡಿ, ರಾತ್ರಿ ಹೊತ್ತು, ಇಯರ್‌ಫೋನ್ ಹಾಕಿಕೊಂಡು. 2017ರ 'ಪ್ಲಂಜ್' ಹೆಚ್ಚು ಒರಟು, ಅದು ಆಮೇಲಿರಲಿ. 2023ರ 'ರ‍್ಯಾಡಿಕಲ್ ರೊಮ್ಯಾಂಟಿಕ್ಸ್'ನ ಮೊದಲ ನಾಲ್ಕು ಹಾಡುಗಳಲ್ಲಿ ತಮ್ಮ ಓಲೋಫ್ ಮತ್ತೆ ಜೊತೆಗಿದ್ದಾರೆ.